ಪುಕ್ಕಟೆ ಕೀಲಿಕೈ ಮತ್ತು ಸಾವಿತ್ರಿಯ ಮದುವೆ

ಗೋವಾದ ವಾಸ್ಕೋದಲ್ಲಿರುವ ನನ್ನ ಫೋಟೋ ಸ್ಟುಡಿಯೋದ ಕಂಪ್ಯೂಟರ್ ಬಹಳ ದಿನಗಳಿಂದ ಪರದೆಯ ಮೂಲೆಯಲ್ಲಿ ಒಂದೇ ಬೇಡಿಕೆ ಇಟ್ಟಿತ್ತು: 'ವಿಂಡೋಸ್ ಆಕ್ಟಿವೇಟ್ ಮಾಡಿ.' ಲೈಸೆನ್ಸ್ ಕೊಳ್ಳುವುದೇ? ನಾನೇನು ದಡ್ಡನೇ! ಇಂಟರ್ನೆಟ್ಟಿನಲ್ಲಿ ಪುಕ್ಕಟೆ ಆಕ್ಟಿವೇಟರ್ ಎಂಬ ಕಳ್ಳ ಕೀಲಿಕೈ ಹುಡುಕಿದೆ. ಅದರದು ಒಂದೇ ಷರತ್ತು: ಮೊದಲು ಆ್ಯಂಟಿವೈರಸ್ ಬಂದ್ ಮಾಡಬೇಕು.

"ರೀ, ಅದು ಕಾವಲ ನಾಯಿ ಇದ್ದಂಗ್ರಿ. ನಾಯಿ ಕಟ್ಟಿಹಾಕು ಅನ್ನಾಂವ ಕಳ್ಳನ ಇರ್ತಾನ," ಎಂದಳು ಹೆಂಡತಿ ಶಾಂತಾ.

"ನಿನಗೇನ್ ತಿಳೀತದ? ಸುಮ್ಮನ ಚಾ ಮಾಡು," ಎಂದು ಗುಂಡಿ ಒತ್ತಿಯೇಬಿಟ್ಟೆ.

ಮೂಲೆಯ ಬೇಡಿಕೆ ಮಾಯವಾಯಿತು. ನಾನು ಮೀಸೆ ತಿರುವಿದೆ. ಮೀಸೆಯಿಂದ ಕೈ ತೆಗೆಯುವಷ್ಟರಲ್ಲಿ ಒಂದು ಫೋಟೋವೂ ತೆರೆಯದಾಯಿತು! ಯಾವನೋ ಪುಣ್ಯಾತ್ಮ ಎಲ್ಲದಕ್ಕೂ ಬೀಗ ಜಡಿದು, ಬಿಡಿಸಲು ದುಡ್ಡು ಕಳಿಸು ಎಂದು ಕೆಂಪು ಅಕ್ಷರದಲ್ಲಿ ಬರೆದಿದ್ದ.

ಬೀಗ ಬಿದ್ದ ಫೋಟೋಗಳೊಳಗೆ ನಾನೇ ತೆಗೆದ ಸಾವಿತ್ರಿಯ ಮದುವೆ ಇತ್ತು. ಕ್ಯಾಮೆರಾದ ಕಾರ್ಡನ್ನು ಅಳಿಸಿ, ಇನ್ನೊಬ್ಬರ ತೊಟ್ಟಿಲ ಕಾರ್ಯಕ್ಕೆ ಬಳಸಿಯೂ ಆಗಿತ್ತು. ಅವಳಪ್ಪ ಬಸಪ್ಪಣ್ಣ ಬಂದರಿನಲ್ಲಿ ಮೂಟೆ ಹೊರುವವನು. ಅವನ ಒಂದು ಅಂಗೈ ನನ್ನ ಎರಡೂ ಕೆನ್ನೆಗೆ ಸಾಕು! ಅವನು ಅಂದೇ ಸಂಜೆ ಫೋಟೋ ನೋಡಲು ಬರುವವನಿದ್ದ.

"ಫೋನ್ ಬಂದ್ ಮಾಡಿ ಬೆಳಗಾವಿಗೆ ಹೋಗಿಬಿಡ್ಲೇನ?" ಎಂದು ಶಾಂತಾಳನ್ನು ಕೇಳಿದೆ.

"ಹೋಗ್ರಿ. ಬಸಪ್ಪಣ್ಣಾರ ಅಣ್ತಮ್ಮರೆಲ್ಲಾ ಅಲ್ಲೇ ಅದಾರ!"

ಸಂಜೆ ಬಸಪ್ಪಣ್ಣ ಬಾಗಿಲಲ್ಲಿ ನಿಂತ. ಅಂಗಡಿಯೊಳಗೆ ಕತ್ತಲಾಯಿತು. ನಾನು ಕೌಂಟರಿನ ಹಿಂದೆ, ಕ್ಯಾಮೆರಾ ಚೀಲವನ್ನು ಎದೆಗವಚಿಕೊಂಡು, ನಡೆದದ್ದನ್ನೆಲ್ಲ ಒದರಿದೆ.

ಅವನು ಕೈ ಎತ್ತಲಿಲ್ಲ. ಸ್ಟೂಲಿನ ಮೇಲೆ ಕುಸಿದು, "ಒಬ್ಬಾಕಿನ ಮಗಳ್ರಿ ನನಗ," ಎಂದ. ಅಯ್ಯೋ, ಹೊಡೆದಿದ್ದರೇ ಚೆನ್ನಾಗಿತ್ತು!

ಆಮೇಲೆ ಜೇಬಿನಿಂದ ಮೊಬೈಲ್ ತೆಗೆದ. "ಮದುವಿಗೆ ಬಂದ ಮಂದಿ ತಗದ ಫೋಟೋ ಒಂದಿಷ್ಟು ಅದಾವ. ಇದರಾಗ ಆಲ್ಬಮ್ ಆಗ್ತೈತೇನು ನೋಡ್ರಿ."

ಹೋದ ಜೀವ ಬಂತು. ಆಸೆಯಿಂದ ನೋಡಿದೆ. ಮಾಲೆ ಬದಲಿಸುವಾಗ, ಅಡ್ಡ ನಿಂತ ನನ್ನ ಬೆನ್ನು. ಅಕ್ಕಿಕಾಳು ಬೀಳುವಾಗ, ನನ್ನ ಬೆನ್ನು. ತಾಳಿ ಕಟ್ಟುವಾಗ ನಾನು ಬಗ್ಗಿದ್ದೆ, ಬೆನ್ನೂ ಅಲ್ಲ!

ಬಸಪ್ಪಣ್ಣ ಕಣ್ಣೊರೆಸಿಕೊಂಡು ಇಣುಕಿದ. "ಮಗಳು ಕಾಣವಲ್ಲಳು. ನಿಮಗ ಮಾತ್ರ ಅಕ್ಕಿಕಾಳು ಚಲೋ ಬಿದ್ದಾವ್ರಿ."

ಅದೇ ಫೋಟೋಗಳಿಂದ ಆಲ್ಬಮ್ ಮಾಡಿಕೊಟ್ಟೆ, ಪುಕ್ಕಟೆ. ಸಾವಿತ್ರಿಯ ಅತ್ತೆಮನೆಯವರು ಈಗ ನಾನು ಸಿಕ್ಕಲ್ಲೆಲ್ಲ ಗುರುತು ಹಿಡಿಯುತ್ತಾರೆ. ಹಿಂದಿನಿಂದ!