ಸೊಂಟದ ಮೇಲೆ ಒಂದು ಕೈ: ನಿಷೇಧ ಸಡಿಲಿಕೆ

ಶಾಖಾ ಕಚೇರಿ, ಭದ್ರಾವತಿ
ಸಂಖ್ಯೆ: ಭಶಾ/ಸಿಬ್ಬಂದಿ/ನಗು/07

ವಿಷಯ: ‘ಲಾಡಿ ರೈಡರ್’ ಚಲನಚಿತ್ರದ ಅನುಕರಣೆ ಕುರಿತು.
ಉಲ್ಲೇಖ: 1) ಇದೇ ಕಚೇರಿಯ ನಿಷೇಧ ಸುತ್ತೋಲೆ. 2) ಊಟದ ಕೋಣೆಯಲ್ಲಿನ ಮೌನ.

ಸದರಿ ಹಳೆಯ ಚಿತ್ರದಲ್ಲಿ ಕಬಡ್ಡಿ ನಾಯಕನು ಜಾರುವ ಚಡ್ಡಿಯನ್ನು ಒಂದು ಕೈಯಲ್ಲಿ ಹಿಡಿದು, “ಒಂದ್ ಕೈ ಮಾನಕ್ಕೆ, ಒಂದ್ ಕೈ ಪಾಯಿಂಟಿಗೆ” ಎನ್ನುತ್ತಾ ಎದುರಾಳಿಗಳನ್ನು ಮುಟ್ಟುತ್ತಾನೆ. ಕಥೆ ಇಷ್ಟೇ. ಲೋಕಲ್ ಚಾನೆಲ್‌ನಲ್ಲಿ ಪ್ರತಿ ಭಾನುವಾರ ಹಾಕಿದರೂ ಊರಿಗೆ ಸಾಕೆನಿಸಿಲ್ಲವೆಂಬುದನ್ನು ಗಮನಿಸಲಾಗಿದೆ.

ಶಿವಮೊಗ್ಗ ಕಚೇರಿಯ ವಿರುದ್ಧದ ಕಬಡ್ಡಿ ಪಂದ್ಯದ ಕೊನೆಯ ರೈಡಿನಲ್ಲಿ ಗುಮಾಸ್ತ ಶ್ರೀ ಸತೀಶ್‌ರವರು, ಲಾಡಿ ಬಿಗಿಯಾಗಿದ್ದರೂ ಚಡ್ಡಿ ಹಿಡಿದು ನುಗ್ಗಿ, ‘ಕಬಡ್ಡಿ’ ಎನ್ನುವುದನ್ನು ಬಿಟ್ಟು ನಕ್ಕು, ಔಟಾಗಿ, ಶೀಲ್ಡ್ ಕಳೆದಿರುತ್ತಾರೆ. ವಿವರಣೆ ಕೇಳಲಾಗಿ, “ಆ ಸೀನ್ ನೆನಪಾಯ್ತು ಸಾರ್, ಕೈ ತಾನಾಗೇ ಹೋಯ್ತು. ನಾನೇನ್ ಮಾಡ್ಲಿ ಮಾರಾಯ್ರೆ” ಎಂದಿರುತ್ತಾರೆ.

ಉಳಿದ ಆಟಗಾರರೂ ಆಡಿದ್ದು ಅಷ್ಟರಲ್ಲೇ ಇತ್ತು. ಆದರೂ ಕುಣಿಯಲಾರದವಳು ನೆಲ ಡೊಂಕು ಎಂದಂತೆ, ಅಧೀಕ್ಷಕರಾದ ಶ್ರೀ ಷಣ್ಮುಖಪ್ಪನವರು ಚಿತ್ರದ ಮಾತು, ಹಾವಭಾವ, ಶಿಳ್ಳೆ ಎಲ್ಲವನ್ನೂ ಕಚೇರಿಯಲ್ಲಿ ನಿಷೇಧಿಸಿದರು. ಅಂದಿನಿಂದ ಅವರು ಊಟದ ಕೋಣೆಗೆ ಕಾಲಿಟ್ಟ ಕೂಡಲೇ ಎಲ್ಲರ ಊಟವೂ ಮುಗಿದಿರುತ್ತದೆ. ಇದರಿಂದ ಅಧೀಕ್ಷಕರ ಮನಸ್ಸಿಗೆ ನೋವಾಗಿದೆ. ಆದ್ದರಿಂದ ಈ ಮೂಲಕ ಸೂಚಿಸುವುದೇನೆಂದರೆ:

1. ಕಡತ ತರುವವರು ಇನ್ನು ಮುಂದೆ ಒಂದು ಕೈಯನ್ನು ಸೊಂಟದ ಮೇಲಿಡಬಹುದು. ಎರಡೂ ಕೈ ಇಟ್ಟರೆ ಕಡತ ಬೀಳುತ್ತದೆ.

2. ಸಾರ್ವಜನಿಕರ ಎದುರು ನಗು ಬಂದಲ್ಲಿ ರೆಕಾರ್ಡ್ ರೂಮಿಗೆ ಹೋಗಿ ನಕ್ಕು ಬರತಕ್ಕದ್ದು. ಅರ್ಜಿದಾರರಿಗೂ ನಗು ಬಂದಲ್ಲಿ ಅವರನ್ನೂ ಕರೆದೊಯ್ಯತಕ್ಕದ್ದು.

3. ಶ್ರೀಮತಿ ಬಿಂದುಶ್ರೀಯವರು ಕೋರಿದ ಸ್ಪಷ್ಟೀಕರಣದ ಮೇರೆಗೆ, ಲಾಡಿಯಿಲ್ಲದ ಉಡುಪಿನವರು ಲಾಡಿ ಇರುವುದಾಗಿ ಭಾವಿಸತಕ್ಕದ್ದು.

4. ಮುಂದಿನ ಪಂದ್ಯದಲ್ಲಿ ಶ್ರೀ ಸತೀಶ್‌ರವರು ಮೊದಲು ಶಿವಮೊಗ್ಗದವರನ್ನು ಮುಟ್ಟಿ, ಗೆರೆ ದಾಟಿ, ಆಮೇಲೆ ನಗತಕ್ಕದ್ದು.

5. ಚಿತ್ರದ ನಾಯಕ ಕೆರೆಗೆ ಬೀಳುತ್ತಾನೆಂದು ಸಿಬ್ಬಂದಿ ಹೇಳಿಕೊಳ್ಳುತ್ತಿರುವುದು ತಪ್ಪು. ಬೀಳುವುದು ಗೊಬ್ಬರದ ಗುಂಡಿಗೆ, ಅದೂ ಎರಡು ಸಲ. ಅಧೀಕ್ಷಕರಿಗೆ ಇದು ಹೇಗೆ ಗೊತ್ತೆಂದು ಯಾರೂ ಕೇಳತಕ್ಕದ್ದಲ್ಲ.

6. ಅಧೀಕ್ಷಕರು ಊಟಕ್ಕೆ ಬಂದಾಗ ಯಾರೂ ಎದ್ದು ಹೋಗತಕ್ಕದ್ದಲ್ಲ. ಮಾತು ಎಲ್ಲಿ ನಿಂತಿತೋ ಅಲ್ಲಿಂದಲೇ ಮುಂದುವರಿಸತಕ್ಕದ್ದು.

ಸಹಿ/-
(ಷಣ್ಮುಖಪ್ಪ)
ಅಧೀಕ್ಷಕರು
(ಸಹಿ ಮಾಡುವಾಗ ಇನ್ನೊಂದು ಕೈ ಸೊಂಟದ ಮೇಲಿತ್ತು.)

ಪ್ರತಿಗಳು:
1. ಶಿವಮೊಗ್ಗ ಕಚೇರಿ, ದುರ್ಗಿಗುಡಿ: ಶೀಲ್ಡನ್ನು ಒರೆಸಿಡಲು; ವಾಪಸು ಬೇಕಾಗುತ್ತದೆ.
2. ಶ್ರೀ ಸತೀಶ್: ಅಭ್ಯಾಸಕ್ಕಾಗಿ.
3. ಶ್ರೀಮತಿ ಶಂಕರಮ್ಮ, ಅಧೀಕ್ಷಕರ ಧರ್ಮಪತ್ನಿ: ನಾಳೆಯಿಂದ ಡಬ್ಬಿಗೆ ನಾಲ್ಕು ರೊಟ್ಟಿ ಹೆಚ್ಚಿಗೆ ಹಾಕಲು ಕೋರಿದೆ. ಹಂಚಿಕೊಂಡು ತಿನ್ನಲು ಜನ ಸಿಗಬಹುದು.