ಎರಡು ಸಾಲು ಹಿಪ್ಪುನೇರಳೆ

ಈ ಸಂಗತಿಯನ್ನು ಹೇಳಿಬಿಡಬೇಕೆಂದು ಎಷ್ಟೋ ವರ್ಷಗಳಿಂದ ಅಂದುಕೊಳ್ಳುತ್ತಲೇ ಇದ್ದೇನೆ. ಮೊದಲು ಸಂಕ್ರಾಂತಿ ಕಳೆಯಲಿ ಅಂದೆ, ಆಮೇಲೆ ಮಗಳ ಮದುವೆ ಮುಗಿಯಲಿ ಅಂದೆ, ಆಮೇಲೆ ಕಣ್ಣಿನ ಆಪರೇಷನ್ ಆಗಲಿ ಅಂದೆ. ಈಗ ಕಣ್ಣೂ ಚೆನ್ನಾಗಿ ಕಾಣುತ್ತಿದೆ. ಒಳ್ಳೆಯದು ಮಾಡಿದವನು ಅದನ್ನು ಬಸ್ಸಿನಲ್ಲಿ ಪಕ್ಕ ಕೂತವನಿಗೂ ಹೇಳುತ್ತಾನೆ. ಕದ್ದವನು ಮಾತ್ರ ಮುಹೂರ್ತ ನೋಡುತ್ತಾನೆ.

ಹೊಂಗನೂರಿನ ಕೆರೆಯ ಮೇಲುಗಡೆ ನಮಗಿದ್ದದ್ದು ಒಂದೇ ಎಕರೆ. ಒಂದು ದಿನ ನೋಟೀಸು ಬಂತು: ಇದು ಗೋಮಾಳ, ದನ ಮೇಯಲು ಬಿಟ್ಟ ಸರ್ಕಾರಿ ಜಾಗ, ನಿಮ್ಮದೆಂದು ರುಜುವಾತು ಮಾಡಿ, ಇಲ್ಲವೇ ಖಾಲಿ ಮಾಡಿ. ಆ ಜಾಗ ಉಳಲು ಸರ್ಕಾರವೇ ಅಪ್ಪನಿಗೆ ಕೊಟ್ಟಿದ್ದ ಸಾಗುವಳಿ ಚೀಟಿಯನ್ನು ಹುಡುಕಿ ಮನೆಯ ಸೂರೆಲ್ಲ ಕೆದಕಿದೆವು. ಸಿಗಲಿಲ್ಲ. ಎಸ್ಸೆಸ್ಸೆಲ್ಸಿ ಓದುವಾಗ ನಾನೇ ಅದನ್ನು ಗಣಿತದ ಪುಸ್ತಕಕ್ಕೆ ಹೊದಿಸಿಬಿಟ್ಟೆನೆಂದು ನನ್ನ ಹೆಂಡತಿಯ ಅನುಮಾನ. ಗಣಿತದಲ್ಲಿ ನಾನು ತೆಗೆದ ನಂಬರು ನೋಡಿದರೆ ಆ ಪುಸ್ತಕವನ್ನು ನಾನು ಮುಟ್ಟಿದ್ದಕ್ಕೇ ಸಾಕ್ಷಿಯಿಲ್ಲ, ಇರಲಿ. ಚನ್ನಪಟ್ಟಣದಲ್ಲಿ ಮರದಡಿ ಕೂತು ಅರ್ಜಿ ಬರೆಯುವವರೊಬ್ಬರನ್ನು ಕೇಳಿದೆ. "ತಾಲ್ಲೂಕು ಆಫೀಸಿನ ಸಾಹೇಬರು ಜಾಗ ನೋಡೋಕೆ ಬತ್ತಾರೆ. ಬಾವಿ, ಹಳೇ ಮರ, ನಿಮ್ಮಪ್ಪ ಉತ್ತಿದ್ದಕ್ಕೆ ಏನಾರ ಗುರುತು ಐತಾ?" ಅಂದರು. ಎಲ್ಲಿಂದ ಬರಬೇಕು? ಅಪ್ಪ ಬೆಳೆದದ್ದು ರಾಗಿ. ರಾಗಿ ಬೆಳೆದು ತಿಂದಿದ್ದಕ್ಕೆ ನಮ್ಮ ಮೈಯೇ ಸಾಕ್ಷಿ, ಅದನ್ನು ಅರ್ಜಿಗೆ ಲಗತ್ತಿಸಲು ಬರುವುದಿಲ್ಲ. ನಾನು ಹಾಕಿದ್ದ ಹಿಪ್ಪುನೇರಳೆಗೆ ಇನ್ನೂ ಒಂದು ವರ್ಷ ತುಂಬಿರಲಿಲ್ಲ, ಬುಡ ನನ್ನ ಕಿರುಬೆರಳಿನಷ್ಟಿತ್ತು.

ಆಗ ನನ್ನ ಕಣ್ಣು ಬಿದ್ದದ್ದು ಪಕ್ಕದ ಮನೆಯ ಅಕ್ಕನ ತೋಟದ ಮೇಲೆ. ಗಂಡ ತೀರಿಕೊಂಡ ಮೇಲೆ ಮನೆ ಹಿಂದಿನ ಐದು ಸಾಲು ಹಿಪ್ಪುನೇರಳೆಯಲ್ಲೇ ರೇಷ್ಮೆಹುಳ ಸಾಕಿ ಬದುಕುತ್ತಿದ್ದಾಕೆ. ಒಂದೊಂದು ಬುಡವೂ ತೊಡೆಯ ಗಾತ್ರ. ನೋಡಿದವರು ಯಾರಾದರೂ ಹದಿನೈದು ವರ್ಷ ಅನ್ನಲೇಬೇಕು. ಹುಳ ಸೊಪ್ಪು ಬಿಟ್ಟು ಪೊರೆ ಕಳಚಲು ಮಲಗಿದ ಹೊತ್ತು ನೋಡಿ ಆಕೆ ನಾಮಕರಣಕ್ಕೆಂದು ಎರಡು ದಿನ ಮಾಗಡಿ ಕಡೆಯ ತವರಿಗೆ ಹೋದಳು. ನಾನು ಹಾರೆ ಹಿಡಿದೆ. ಹಾಡಹಗಲಲ್ಲೇ ಎರಡು ಸಾಲು ಎಬ್ಬಿಸಿ, ಗಾಡಿಗೆ ಹಾಕಿ, ಮೇಲೆ ರಾಗಿ ಹುಲ್ಲು ಮುಚ್ಚಿ, ನಮ್ಮ ಎಕರೆಯಲ್ಲಿ ನೆಡಲು ಹೊರಟೆ. ದಾರಿಯಲ್ಲಿ ಒಬ್ಬ ಕೇಳಿಯೂ ಕೇಳಿದ: "ಏನ್ಲಾ, ಎಲ್ರೂ ಹೊಲದಿಂದ ಮನೆಗೆ ಹುಲ್ಲು ತಂದ್ರೆ ನೀನು ಮನೆಯಿಂದ ಹೊಲಕ್ಕೆ ಹೊಡ್ಕಂಡು ಹೊಂಟಿದ್ದೀಯಲ್ಲ!" ಇಲಿ ಕಾಟ ಅಂದೆ. ಅವನು ಒಪ್ಪಿದ. ನನ್ನ ತಲೆ ಹೀಗೇ ಓಡುತ್ತದೆಂದು ಊರಿಗೆ ಮೊದಲೇ ಗೊತ್ತಿತ್ತು.

ಅಕ್ಕ ಬಂದು ಗುಂಡಿಗಳನ್ನು ನೋಡಿ ನಮ್ಮ ಬಾಗಿಲಿಗೆ ಬಂದಳು. "ಹಂದಿ ನುಗ್ಗಿರ್ಬೇಕು ಕಣಕ್ಕ" ಅಂದೆ.

"ಹಂದಿ ಹಾರೆ ಹಿಡ್ಕಂಡು ಬಂದಿತ್ತಾ?" ಅಂದಳು. ನನ್ನ ಮೇಲೆ ಅನುಮಾನವಿರಲಿಲ್ಲ, ಅದೇ ಕಷ್ಟ. ಹುಳ ಆಗಲೇ ತಟ್ಟೆಯಲ್ಲಿದ್ದವು. ನಾಲ್ಕನೆಯ ಪೊರೆ ಬಿಟ್ಟು ಎದ್ದ ಹುಳದ ಹಸಿವು ಸಾಮಾನ್ಯವಲ್ಲ, ಸೊಪ್ಪು ಹಾಕಿ ತಿರುಗುವಷ್ಟರಲ್ಲಿ ಕಡ್ಡಿ ಉಳಿದಿರುತ್ತದೆ. ಸೊಪ್ಪು ಸಾಲದೆ ಆಕೆ ಬೈರಾಪಟ್ಟಣದಿಂದ ಹೊತ್ತು ತರತೊಡಗಿದಳು. "ಒಸಿ ಸೈಕಲ್ ಮೇಲೆ ತಂದ್ಕೊಡು ಕಣ್ಲಾ" ಅಂತ ನನ್ನನ್ನೇ ಕರೆದಳು. ತಂದುಕೊಟ್ಟೆ. ಬೆಲ್ಲದ ಕಾಫಿ ಕೊಟ್ಟಳು. ಅದನ್ನೂ ಕುಡಿದೆ. ಆದರೂ ಎರಡು ತಟ್ಟೆ ಹುಳ ಹಸಿದು ಸತ್ತವು. ಅವನ್ನು ತಿಪ್ಪೆಗೆ ಸುರಿಯುವುದನ್ನು ನಾನು ಕಿಟಕಿಯಿಂದ ನೋಡಿದೆ.

ಸಾಹೇಬರು ಇವತ್ತು ನಾಳೆ ಎಂದು ಹತ್ತು ದಿನ ಬಿಟ್ಟು ಬಂದರು. ಅಷ್ಟರಲ್ಲಿ ನನ್ನ ಹದಿನೈದು ವರ್ಷದ ಬುಡಗಳೆಲ್ಲ ಎಲೆ ಉದುರಿಸಿ ನಿಂತಿದ್ದವು, ಒಂದು ವರ್ಷದ ಗಿಡಗಳು ಸುತ್ತ ನಗುತ್ತಿದ್ದವು. ಸಾಕ್ಷಿಗೆಂದು ಅಕ್ಕಪಕ್ಕದವರನ್ನು ಕರೆಸಿದ್ದರು, ಅಕ್ಕನೂ ಬಂದಿದ್ದಳು. ಕನಕಪುರದ ಕಡೆಯ ರೇಷ್ಮೆ ಮನೆತನದವರಂತೆ ಆ ಸಾಹೇಬರು. ನನ್ನ ದುರದೃಷ್ಟ. ಒಂದು ಬುಡ ಹಿಡಿದು ಮೇಲೆತ್ತಿದರು, ಕೈಗೇ ಬಂತು.

"ನಿಮ್ಮ ತಂದೆ ನೆಟ್ಟಿದ್ದು ಅಂದ್ರಲ್ಲ ಪುಟ್ಟಸ್ವಾಮಿ, ಅವರು ತೀರಿಕೊಂಡದ್ದು ಯಾವಾಗ, ಮೊನ್ನೆಯಾ?"

ಎಲ್ಲರೂ ನಕ್ಕರು. ಅಕ್ಕ ನಗಲಿಲ್ಲ. ಬಗ್ಗಿ ಆ ಬುಡದ ಹಳೆಯ ಕೊಯ್ತದ ಗುರುತುಗಳ ಮೇಲೆ ಬೆರಳಾಡಿಸಿದಳು. ಆಕೆಯದು ಎಡಗೈ, ಕುಡುಗೋಲಿನ ಕೊಯ್ತ ಊರಿನವರೆಲ್ಲರ ಕೊಯ್ತಕ್ಕೆ ತಿರುಗಾಮುರುಗಾ ಓರೆ. ತಲೆಯೆತ್ತಿ ನನ್ನನ್ನು ನೋಡಿದಳು. ಸಾಹೇಬರು ಫೈಲು ಮುಚ್ಚುತ್ತಿದ್ದರು. ನನ್ನ ಎಕರೆ ಅದರೊಳಗೆ ಮುಚ್ಚಿಹೋಗುತ್ತಿತ್ತು.

"ಸ್ವಾಮಿ, ಗಿಡದ ಮಾತು ಬುಡಿ, ಅದು ನಾನೂ ಅವ್ನೂ ನೋಡ್ಕತೀವಿ" ಅಂದಳು ಅಕ್ಕ. "ನಾನು ಮದ್ವೆಯಾಗಿ ಬಂದ ವರ್ಸ ಇವ್ರಪ್ಪನ ಜೊತೆ ಇಲ್ಲೇ ರಾಗಿ ಕಳೆ ಕಿತ್ತಿವ್ನಿ. ಕಣ ಇದ್ದದ್ದು ಅಗೋ ಆ ಮೂಲೇಲಿ. ರಾಗಿ ಒಕ್ಕೋ ಗುಂಡುಕಲ್ಲು ಸೀಳ್ತು ಅಂತ ಅಲ್ಲೇ ಬುಟ್ಟಿದ್ರು. ಬೇಲಿ ಕಡಿಸಿ ನೋಡಿ."

ಲಂಟಾನ ಕಡಿದರು. ಅರ್ಧ ಹೂತ ಕಲ್ಲು ಸಿಕ್ಕಿತು, ಸುತ್ತ ಒಂದಡಿ ಮಣ್ಣಿನಡಿಯಲ್ಲಿ ಗಟ್ಟಿಸಿದ ಕಣ. ನಾನು ಕದ್ದು ತಂದು ನೆಟ್ಟ ಸಾಕ್ಷಿ ಸತ್ತು ನಿಂತಿತ್ತು, ನಮ್ಮದೇ ಸಾಕ್ಷಿ ಪೊದೆಯಲ್ಲಿ ಮಲಗಿತ್ತು. ಸಾಹೇಬರು ಕಲ್ಲಿನ ಅಳತೆ ಸಮೇತ ಬರೆದುಕೊಂಡರು. ಅಕ್ಕ ಹೆಬ್ಬೆಟ್ಟು ಒತ್ತಿದಳು. ವರ್ಷದೊಳಗೆ ಜಮೀನು ನನ್ನ ಹೆಸರಿಗಾಯಿತು.

ಅವತ್ತು ಮನೆಗೆ ಬರುವಾಗ ಆಕೆ ಅಂದದ್ದು ಒಂದೇ ಮಾತು: "ಕಿತ್ತಿದ್ದೇನೋ ಕಿತ್ತೆ, ನೆಡೋದಾದ್ರೂ ನೆಟ್ಟಗೆ ನೆಡಬಾರ್ದಿತ್ತೇನ್ಲಾ?" ನಾನು ನಕ್ಕುಬಿಟ್ಟೆ. ತಪ್ಪಾಯಿತು ಅನ್ನಬೇಕಾದ ಜಾಗದಲ್ಲಿ ಒಂದು ಸಲ ನಕ್ಕರೆ ಮತ್ತೆ ಆ ಜಾಗ ಸಿಗುವುದಿಲ್ಲ. ಮಾರನೆಯ ವಾರ ಆಕೆಯ ಗುಂಡಿಗಳಿಗೆ ಹೊಸ ಕಡ್ಡಿ ನೆಟ್ಟುಕೊಟ್ಟೆ, ಬಾಯಿ ಮಾತ್ರ ಬಿಡಲಿಲ್ಲ. ಒಣಗಿದ ಬುಡಗಳನ್ನು ಹಂಡೆಯ ಒಲೆಗೆ ಹಾಕಿ ತಿಂಗಳುಗಟ್ಟಲೆ ಬಿಸಿನೀರು ಹುಯ್ದುಕೊಂಡೆ.

ಆಕೆ ಹೋಗಿ ಬಹಳ ಕಾಲವಾಯಿತು. ಈಗ ಪಹಣಿ ತೆಗೆಸಿದರೆ ನನ್ನ ಹೆಸರು ಅಪ್ಪನ ಹೆಸರಿನ ಸಮೇತ ಅಚ್ಚುಕಟ್ಟಾಗಿ ಬರುತ್ತದೆ. ಆ ನೆಲ ಉಳಿಸಿದವಳದು ಅದರಲ್ಲಿ ಇಲ್ಲ, ಇರುವಂತೆಯೂ ಇಲ್ಲ. ಇಲ್ಲಿಯಾದರೂ ಬರೆಯುತ್ತೇನೆ: ಚಿಕ್ಕತಾಯಮ್ಮ.