ಶರ್ಕರ ಅಂದರೆ ಕಲ್ಲು

ಮಿಠಾಯಿಯವರು: ಇದು ಕಲ್ಲು.

ಸಾಹುಕಾರರು: ಕಲ್ಲು ಅನ್ನಬೇಡಿ ಬೀಗರೇ. ಹರಳು ಅನ್ನಿ.

ಮಿಠಾಯಿಯವರು: ಹರಳು ಅಂದ್ರೆ ಮುರಿದ ಹಲ್ಲು ಕೂಡ್ಕೊಳ್ಳುತ್ತಾ?

ಸಗಟು ಸಕ್ಕರೆ ಅಂಗಡಿಯ ಮೇಜಿನ ಮೇಲೆ, ತಕ್ಕಡಿಯ ಪಕ್ಕದಲ್ಲಿ, ಕಾಗದದ ಚೂರೊಂದರೊಳಗೆ ಬಟಾಣಿಗಿಂತ ಚಿಕ್ಕದಾದ ಬೂದು ಬಣ್ಣದ ವಸ್ತುವೊಂದು ಕೂತಿತ್ತು. ಅದನ್ನು ಪೊಟ್ಟಣ ಕಟ್ಟಿ ತಂದವರು ಮಿಠಾಯಿ ಅಂಗಡಿಯವರು. ಅದರ ಮೇಲೆ ಕನ್ನಡಕ ಬಗ್ಗಿಸಿದ್ದವರು ಸಕ್ಕರೆ ಸಾಹುಕಾರರು. ಇಬ್ಬರೂ ಚಡ್ಡಿ ಹಾಕುತ್ತಿದ್ದ ಕಾಲದಿಂದ ಸ್ನೇಹಿತರು. ಮಿಠಾಯಿಯವರ ಮಗನಿಗೂ ಸಾಹುಕಾರರ ಮಗಳಿಗೂ ಮದುವೆ ಗೊತ್ತಾದ ಮೇಲೆ ಬೀಗರಾಗಿದ್ದರು. ಅಲ್ಲಿಯವರೆಗೆ ‘ಏನೋ’, ‘ಹೋಗೋ’ ಎನ್ನುತ್ತಿದ್ದವರು ಈಗ ಬಹುವಚನಕ್ಕೆ ಏರಿದ್ದರು. ಇದರಿಂದಾಗಿ ಮನಸ್ಸಿಗೆ ತೃಪ್ತಿಯಾಗುವಂತೆ ಜಗಳವಾಡುವುದು ಇಬ್ಬರಿಗೂ ಕಷ್ಟವಾಗಿತ್ತು.

ನಡೆದದ್ದು ಇಷ್ಟು. ಊರಿಗಿದ್ದವರು ಒಬ್ಬರೇ ಹಲ್ಲಿನ ಡಾಕ್ಟರು. ದವಾಖಾನೆಗೆ ಹೊಸ ಕುರ್ಚಿ ಬಂದ ಸಂತೋಷಕ್ಕೆ ಅವರು ಹಂಚಲೆಂದು ಮಿಠಾಯಿ ತರಿಸಿದ್ದರು. ಮೊದಲ ತುಂಡನ್ನು ತಾವೇ ಬಾಯಿಗೆ ಹಾಕಿಕೊಂಡರು. ಕಟಕ್ಕೆಂದಿತು. ದವಡೆ ಹಲ್ಲೊಂದು ಮುರಿದು, ಜೊತೆಗೆ ಈ ಬೂದು ವಸ್ತುವೂ ಅಂಗೈಗೆ ಬಿತ್ತು. ಹೊಸ ಕುರ್ಚಿಯಲ್ಲಿ ಕೂತ ಮೊದಲ ರೋಗಿ ಡಾಕ್ಟರೇ ಆದರು. ಆದರೆ ನೋಡುವ ಡಾಕ್ಟರು ಊರಲ್ಲಿ ಇರಲಿಲ್ಲ. ಕಾಯುತ್ತಿದ್ದ ರೋಗಿಗಳು ಕೈಯಲ್ಲಿದ್ದ ಮಿಠಾಯಿಯನ್ನು ಮೆಲ್ಲನೆ ತಟ್ಟೆಗೇ ವಾಪಸಿಟ್ಟು ಮನೆಗೆ ಹೋದರು. ಅಂದಿನಿಂದ ಮಿಠಾಯಿಯವರ ಅಂಗಡಿಗೆ ಬಂದವರೆಲ್ಲ ದಾರಿ ಕೇಳಲು ಬಂದವರೇ.

ಮಿಠಾಯಿಯವರ ಬೇಡಿಕೆ ಚಿಕ್ಕದು. ಸಾಹುಕಾರರು ತಮ್ಮ ಜೊತೆ ದವಾಖಾನೆಗೆ ಬಂದು, ಕಲ್ಲಿದ್ದದ್ದು ಸಕ್ಕರೆಯ ಮೂಟೆಯಲ್ಲಿ, ತಪ್ಪು ನಮ್ಮದು ಎಂದು ಡಾಕ್ಟರಿಗೆ ಒಂದು ಮಾತು ಹೇಳಬೇಕು. ಸಾಹುಕಾರರಿಗೆ ಅದು ಎರಡು ಕಾರಣಕ್ಕೆ ಆಗದ ಕೆಲಸ. ಮೊದಲನೆಯದಾಗಿ, ‘ತಪ್ಪಾಯ್ತು’ ಎಂಬ ಮಾತು ಅವರ ಬಾಯಲ್ಲಿ ಈವರೆಗೆ ಯಾರೂ ಕೇಳಿರಲಿಲ್ಲ. ಎರಡನೆಯದಾಗಿ, ಅವರು ಸಕ್ಕರೆಯ ಚರಿತ್ರೆಯ ಮೇಲೆ ಪುಸ್ತಕ ಬರೆಯಬೇಕೆಂದು ಬಹಳ ವರ್ಷಗಳಿಂದ ಓದುತ್ತಿದ್ದರು. ಬರೆದದ್ದು ಇನ್ನೂ ಒಂದು ಸಾಲೂ ಇಲ್ಲ. ಆದರೆ ಯಾವ ಅಧ್ಯಾಯ ಕೇಳಿದರೂ ಬಾಯಲ್ಲೇ ಹೇಳುತ್ತಿದ್ದರು, ಕೇಳದಿದ್ದರೂ ಹೇಳುತ್ತಿದ್ದರು.

ಸಾಹುಕಾರರು: ಸಕ್ಕರೆ ಅನ್ನೋ ಮಾತು ಎಲ್ಲಿಂದ ಬಂತು ಗೊತ್ತಾ ನಿಮಗೆ? ಸಂಸ್ಕೃತದ ಶರ್ಕರ. ಶರ್ಕರ ಅಂದ್ರೆ ಕಲ್ಲಿನ ಹರಳು, ಜಲ್ಲಿ.

ಆ ಮಾತು ಪರ್ಷಿಯನ್ನರ, ಅರಬರ ಬಾಯಿಗೆ ಹೋಗಿ, ಅಲ್ಲಿಂದ ಸಮುದ್ರ ದಾಟಿ, ಅರ್ಧ ಲೋಕದ ನಾಲಿಗೆಯ ಮೇಲೆ ಕೂತ ಕಥೆಯನ್ನು ಅವರು ಬಂದರು ಬಂದರಾಗಿ ವಿವರಿಸಿದರು. ಮಿಠಾಯಿಯವರು ಕೊನೆಯ ಬಂದರಿನವರೆಗೂ ತಾಳ್ಮೆಯಿಂದ ಕಾದರು.

ಮಿಠಾಯಿಯವರು: ಅಂದ್ರೆ ನಾನು ಇಷ್ಟು ದಿನ ನಿಮ್ಮ ಹತ್ರ ಬಂದು ಜಲ್ಲಿ ಕೇಳ್ತಿದ್ದೆ.

ಸಾಹುಕಾರರು: ಶಬ್ದದ ಪ್ರಕಾರ, ಹೌದು.

ಮಿಠಾಯಿಯವರು: ಹಾಗಾದ್ರೆ ನೀವು ಮೋಸ ಮಾಡಿದ್ದೀರಿ. ಮೂಟೆ ತುಂಬ ಕೊಡಬೇಕಾದ್ದನ್ನ ಒಂದೇ ಒಂದು ಕೊಟ್ಟಿದ್ದೀರಿ.

ಸಾಹುಕಾರರು ಆ ಮಾತನ್ನು ಪಕ್ಕಕ್ಕಿಟ್ಟು ಮುಂದಿನ ಅಧ್ಯಾಯಕ್ಕೆ ಹೋದರು. ಹಿಂದೆ ಸಕ್ಕರೆ ಪುಡಿಯಾಗಿ ಬರುತ್ತಿರಲಿಲ್ಲ. ನೀಲಿ ಕಾಗದ ಸುತ್ತಿದ ಗೋಪುರದಂಥ ಗಟ್ಟಿ ಅಚ್ಚಾಗಿ ಬರುತ್ತಿತ್ತು. ಕೊಂಡವರು ಅದನ್ನು ಮನೆಯಲ್ಲಿ ಸುತ್ತಿಗೆಯಿಂದ ಒಡೆದು, ಇಕ್ಕಳದಿಂದ ಚೂರು ಮಾಡಿಕೊಳ್ಳಬೇಕಿತ್ತು.

ಸಾಹುಕಾರರು: ಆಗಿನ ಗಿರಾಕಿಗಳು ಗಟ್ಟಿ ಇದೆ ಅಂತ ಒಂದು ದಿನ ದೂರಲಿಲ್ಲ.

ಮಿಠಾಯಿಯವರು: ಸುತ್ತಿಗೆ ಗಿರಾಕಿ ಕೈಯಲ್ಲೇ ಇರ್ತಿತ್ತಲ್ಲ ಬೀಗರೇ. ದೂರು ಬರೋ ಹಾಗೆ ಅಂಗಡಿಯವರು ನಡ್ಕೊಂಡಿರಲ್ಲ.

ಸಾಹುಕಾರರು: ಒಂದು ಕಾಲದಲ್ಲಿ ಸಕ್ಕರೆ ಔಷಧ. ಔಷಧದ ಅಂಗಡಿಯಲ್ಲಿ ಚಿಟಿಕೆ ಲೆಕ್ಕದಲ್ಲಿ ಮಾರ್ತಿದ್ರು. ಒಬ್ಬ ರಾಣಿ ಅದನ್ನ ತಿಂದು ತಿಂದು ಹಲ್ಲೆಲ್ಲ ಕಪ್ಪಾಗಿತ್ತು. ಆದ್ರೂ ರಾಜ್ಯ ಆಳಿದಳು. ನಿಮ್ಮ ಡಾಕ್ಟರಿಗೆ ಹೋಗಿರೋದು ಒಂದೇ ಹಲ್ಲು.

ಮಿಠಾಯಿಯವರು: ಆ ರಾಣಿ ಹಲ್ಲು ಕೀಳೋ ಕೆಲಸಕ್ಕೆ ಹೋಗ್ತಿರಲಿಲ್ಲ.

ಇಷ್ಟು ಹೇಳಿ ಮಿಠಾಯಿಯವರು ಎದ್ದು ನಿಂತರು. ಅಂಗಡಿಯ ಹಿಂದೆಯೇ ಸಾಹುಕಾರರ ಮನೆ. ಅದೇ ಹೊತ್ತಿಗೆ ಸಾಹುಕಾರರ ಹೆಂಡತಿ ತಟ್ಟೆಯಲ್ಲಿ ಚಹಾ ಲೋಟಗಳನ್ನೂ ಸಕ್ಕರೆ ಬಟ್ಟಲನ್ನೂ ಇಟ್ಟುಕೊಂಡು ನಡುಬಾಗಿಲಿಗೆ ಬಂದರು. ಕಲ್ಲಿನ ವಿಷಯ ಅವರಿಗೆ ತಿಳಿದಿರಲಿಲ್ಲ. ಕಿವಿಗೆ ಬಿದ್ದದ್ದು ಮಿಠಾಯಿಯವರ ಕೊನೆಯ ಮಾತು ಮಾತ್ರ.

ಮಿಠಾಯಿಯವರು: ಈ ಸಂಬಂಧ ಇಲ್ಲಿಗೆ ಸಾಕು. ನಾನು ಬೇರೆ ಕಡೆ ನೋಡ್ಕೋತೀನಿ.

ಹೆಂಡತಿ: ಬೇರೆ ಕಡೆ ಅಂದ್ರೆ?

ಮಿಠಾಯಿಯವರು: ಆಗ್ಲೇ ಒಂದು ನೋಡಿ ಆಗಿದೆ ಅತ್ತಿಗೆ. ನಿನ್ನೆ ಮಗನೇ ಹೋಗಿ ನೋಡ್ಕೊಂಡು ಬಂದ. ಅವನಿಗೂ ಒಪ್ಪಿಗೆ ಆಯ್ತು.

ಹೆಂಡತಿ: ಅವನಿಗೂ ಒಪ್ಪಿಗೆ ಆಯ್ತಾ?

ಮಿಠಾಯಿಯವರು: ಸ್ವಚ್ಛವಾಗಿದೆಯಂತೆ. ನಯವಾಗಿದೆಯಂತೆ. ಈವರೆಗೆ ಯಾರೂ ಒಂದು ಮಾತು ಆಡಿಲ್ಲವಂತೆ.

ಹೆಂಡತಿ ತಟ್ಟೆಯನ್ನು ಮೇಜಿನ ಮೇಲೆ ಇಟ್ಟರು. ಬಿದ್ದೀತೆಂದು ಇಟ್ಟರು.

ಹೆಂಡತಿ: ನಮ್ಮದರಲ್ಲಿ ಏನು ಕೊರತೆ ಕಂಡ್ರಿ ಅಣ್ಣ?

ಮಿಠಾಯಿಯವರು: ಕೊರತೆ ಅಲ್ಲ, ಹೆಚ್ಚಿಗೆ. ಕಲ್ಲಿದೆ.

ಹೆಂಡತಿ ಗಂಡನ ಮುಖ ನೋಡಿದರು. ಗಂಡ ಏನನ್ನೋ ಹೇಳಲು ಬಾಯಿ ತೆರೆಯುವಷ್ಟರಲ್ಲಿ, ಇನ್ನು ಮುಚ್ಚಿಟ್ಟು ಪ್ರಯೋಜನವಿಲ್ಲವೆಂದು ಹೆಂಡತಿ ನಿರ್ಧರಿಸಿ ಆಗಿತ್ತು.

ಹೆಂಡತಿ: ಇದ್ದದ್ದು ನಿಜ ಅಣ್ಣ. ಎಡಗಡೆ ಕಿಡ್ನೀಲಿ. ಆದ್ರೆ ಹೋದ ವರ್ಷವೇ ತೆಗೆಸಿ ಆಯ್ತು. ಈಗ ಏನೂ ಇಲ್ಲ, ತೆಗೆದ ಡಾಕ್ಟರೇ ಹೇಳಿದ್ದಾರೆ. ನಿಮಗೆ ಯಾರು ಹೇಳಿದ್ರು?

ಮಿಠಾಯಿಯವರು: ಯಾರಿಗೆ ಕಲ್ಲು?

ಸಾಹುಕಾರರು: ಚಿಕ್ಕದು.

ಮಿಠಾಯಿಯವರು: ಹುಡುಗಿಗಾ?

ಸಾಹುಕಾರರು: ಇದಕ್ಕಿಂತ ಚಿಕ್ಕದು.

ಅವರು ಮೇಜಿನ ಮೇಲಿದ್ದ ಪೊಟ್ಟಣದತ್ತ ಬೆರಳು ತೋರಿಸಿದರು. ಆಮೇಲೆ ಯಾವ ಕಲ್ಲು ಯಾರದು, ಯಾವ ಸಂಬಂಧ ಯಾವುದು ಎಂದು ಬಿಡಿಸುವುದಕ್ಕೆ ಮೂವರಿಗೂ ಸಾಕಷ್ಟು ಹೊತ್ತು ಹಿಡಿಯಿತು. ತಾವು ನೋಡಿದ್ದು ಬೇರೆ ಹುಡುಗಿಯನ್ನಲ್ಲ, ಬೇರೆ ಸಕ್ಕರೆಯನ್ನು ಎಂದು ಮಿಠಾಯಿಯವರು ಪ್ರಮಾಣ ಮಾಡಿದರು. ಹುಡುಗಿ ತಮಗೆ ಮಗಳ ಸಮಾನ, ಕಲ್ಲಿದ್ದರೂ ಸಮಾನ ಎಂದರು. ಅಷ್ಟರಲ್ಲಿ ಅವರ ಮನಸ್ಸೂ ತಡೆಯಲಿಲ್ಲ.

ಮಿಠಾಯಿಯವರು: ನಮ್ಮ ಕಡೆಯದೂ ಒಂದು ಇದೆ ಅತ್ತಿಗೆ. ನಮ್ಮ ಹುಡುಗನ ಮುಂದಿನ ಎರಡು ಹಲ್ಲು ಕಟ್ಟಿಸಿದ್ದು.

ಹೆಂಡತಿ: ಗೊತ್ತು ಅಣ್ಣ. ಹೆಣ್ಣು ನೋಡೋಕೆ ಬಂದ ದಿನ ಸೀನಿದಾಗಲೇ ನೋಡಿದ್ವಿ.

ಇದಾದ ಮೇಲೆ ಹೆಂಡತಿ ಇಡೀ ಪ್ರಸಂಗವನ್ನು ಮೊದಲಿಂದ ಕೇಳಿ ತಿಳಿದುಕೊಂಡರು. ನಂತರ ಗಂಡನ ಕಡೆ ತಿರುಗಿ, ಒಂದು ಮಾತು ತಪ್ಪಾಯ್ತು ಅಂದರೆ ಏನು ಕಳೆದುಹೋಗುತ್ತದೆ ಎಂದು ಕೇಳಿದರು.

ಸಾಹುಕಾರರು: ಏನು ಹೋಗುತ್ತೆ ಅಂತಲ್ಲ ಕಣೇ. ನಮ್ಮ ವ್ಯಾಪಾರದ ಚರಿತ್ರೆ ನೋಡು. ಹಡಗುಗಟ್ಟಲೆ ಜನರನ್ನ ಸರಪಳಿ ಹಾಕಿ ಹೊತ್ಕೊಂಡು ಹೋದ್ರು. ಕಬ್ಬಿನ ತೋಟದಲ್ಲಿ ಸಾಯೋತನಕ ದುಡಿಸಿದ್ರು. ಗಾಣಕ್ಕೆ ಕೈ ಸಿಕ್ರೆ ಕೈಯನ್ನೇ ಕಡಿದ್ರು. ಆ ತೋಟದವರು, ಹಡಗಿನವರು, ಸಕ್ಕರೆ ಮಾರಿದವರು, ಎಷ್ಟು ಜನ ತಪ್ಪಾಯ್ತು ಅಂದ್ರು? ನಾನು ಒಂದು ಕಲ್ಲಿಗೆ ಅನ್ನಬೇಕಾ?

ಹೆಂಡತಿ: ಅವರ ಸಾಲಲ್ಲಿ ನಿಮ್ಮನ್ನ ನೀವೇ ನಿಲ್ಲಿಸ್ಕೊಂಡ್ರಲ್ಲ.

ಸಾಹುಕಾರರು ಆ ಅಧ್ಯಾಯವನ್ನು ಅದೆಷ್ಟೋ ಸಲ ಅದೆಷ್ಟೋ ಜನರಿಗೆ ಹೇಳಿದ್ದರು. ಅದು ತಮ್ಮ ಕಡೆ ತಿರುಗಿ ನೋಡೀತೆಂದು ಅವರಿಗೆ ಅನ್ನಿಸಿರಲಿಲ್ಲ. ಹೆಂಡತಿ ಒಂದು ಲೋಟ ಚಹಾವನ್ನು ಗಂಡನ ಮುಂದಿಟ್ಟು, ಸಕ್ಕರೆ ಬಟ್ಟಲನ್ನು ಎತ್ತಿ ತಮ್ಮ ಹಿಂದಿನ ಕಿಟಕಿಯಲ್ಲಿ ಇಟ್ಟರು.

ಹೆಂಡತಿ: ನೀವೇ ಹೇಳಿದ್ದು. ಆ ತೋಟಗಳ ಸುದ್ದಿ ಕೇಳಿ ಒಂದು ದೇಶದ ಹೆಂಗಸರು ಸಕ್ಕರೆಯನ್ನೇ ಮನೆಯೊಳಗೆ ತರಲಿಲ್ಲ ಅಂತ. ಕುಡೀರಿ.

ಸಾಹುಕಾರರು ಒಂದು ಗುಟುಕು ಕುಡಿದರು. ಹುಟ್ಟಿದಾಗಿನಿಂದ ಸಕ್ಕರೆಯ ನಡುವೆಯೇ ಬೆಳೆದ ಅವರಿಗೆ ಚಹಾಕ್ಕೆ ತನ್ನದೇ ಆದ ರುಚಿಯೊಂದಿದೆ ಎಂದು ಅಂದು ತಿಳಿಯಿತು. ಅದು ಅವರಿಗೆ ಹಿಡಿಸಲಿಲ್ಲ. ಎರಡನೆಯ ಗುಟುಕಿಗೆ ಕಾಯದೆ ಎದ್ದು ಚಪ್ಪಲಿ ಹುಡುಕಿದರು. ಮಿಠಾಯಿಯವರು ಪೊಟ್ಟಣ ಎತ್ತಿಕೊಂಡರು, ಹೆಂಡತಿಯೂ ಜೊತೆಗೆ ಹೊರಟರು.

ದವಾಖಾನೆಯಲ್ಲಿ ಡಾಕ್ಟರು ಕೆನ್ನೆಗೆ ಬಟ್ಟೆ ಕಟ್ಟಿಕೊಂಡು ಹೊಸ ಕುರ್ಚಿಯಲ್ಲಿ ತಾವೇ ಒರಗಿದ್ದರು. ಕೆಲಸವೂ ಇರಲಿಲ್ಲ, ರೋಗಿಗಳ ಬೆಂಚು ಬಿಟ್ಟರೆ ಬೇರೆ ಕುರ್ಚಿಯೂ ಇರಲಿಲ್ಲ. ಸಾಹುಕಾರರು ದಾರಿಯುದ್ದಕ್ಕೂ ಒಂದು ಪೀಠಿಕೆ ಸಿದ್ಧಮಾಡಿಕೊಂಡು ಬಂದಿದ್ದರು. ಕಬ್ಬು ಮೊದಲು ಬೆಳೆದದ್ದು ಯಾವ ದ್ವೀಪದಲ್ಲಿ ಎಂದು ಅದು ಶುರುವಾಗುತ್ತಿತ್ತು. ಹೆಂಡತಿ ಒಂದು ಸಲ ನೋಡಿದರು. ದ್ವೀಪ ಮುಳುಗಿತು.

ಸಾಹುಕಾರರು: ಡಾಕ್ಟ್ರೇ. ನಮ್ಮ ಮೂಟೇಲಿ ಕಲ್ಲಿತ್ತು. ನೋಡದೆ ಕೊಟ್ಟೆ. ತಪ್ಪಾಯ್ತು.

ಕೊನೆಯ ಮಾತು ಹೊರಬರುವಾಗ ಅವರ ಹಣೆಯಲ್ಲಿ ಬೆವರು ಒಡೆದಿತ್ತು. ಬಂದ ಮೇಲೆ ಒಂದು ಬಗೆಯ ಹಗುರವೂ ಕಾಣಿಸಿತು. ಮಿಠಾಯಿಯವರು ಅವರ ಹೆಗಲು ಹಿಡಿದು ಬೆಂಚಿನತ್ತ ಕರೆದೊಯ್ದರು. ಬೀಗತನ ಮರೆತುಹೋಯಿತು.

ಮಿಠಾಯಿಯವರು: ಸಾಕು ಬಿಡೋ. ಕೂತ್ಕೋ.

ಕಲ್ಲು ಎಲ್ಲಿದೆ ಎಂದು ಡಾಕ್ಟರು ಸನ್ನೆಯಲ್ಲಿ ಕೇಳಿದರು. ಅಂದು ನೋವಿನ ಭರದಲ್ಲಿ ಅವರು ಅದನ್ನು ಸರಿಯಾಗಿ ನೋಡಿರಲಿಲ್ಲ. ಮಿಠಾಯಿಯವರು ಪೊಟ್ಟಣ ಬಿಚ್ಚಿದರು. ಡಾಕ್ಟರು ಅದನ್ನು ಚಿಮಟದಲ್ಲಿ ಹಿಡಿದು, ಕುರ್ಚಿಯ ದೀಪ ಹಾಕಿ, ತಿರುಗಿಸಿ ತಿರುಗಿಸಿ ನೋಡಿದರು. ಆಮೇಲೆ ಚಿಕ್ಕ ಕನ್ನಡಿ ತೆಗೆದು ತಮ್ಮ ಬಾಯೊಳಗೂ ನೋಡಿಕೊಂಡರು. ಕೊನೆಗೆ ಕೆನ್ನೆಯ ಬಟ್ಟೆ ಸಡಿಲಿಸಿದರು.

ಡಾಕ್ಟರು: ಇದು ಕಲ್ಲಲ್ಲ. ನನ್ನ ಹಲ್ಲಿಗೆ ತುಂಬಿಸಿದ್ದ ಸಿಮೆಂಟು. ಕಾಲೇಜಲ್ಲಿ ಓದುವಾಗ ಗೆಳೆಯನ ಪರೀಕ್ಷೆಗೆ ಇದೇ ಹಲ್ಲು ತುಂಬೋಕೆ ಕೊಟ್ಟಿದ್ದೆ. ಅವನು ಆ ಪರೀಕ್ಷೇಲಿ ಫೇಲಾದ.

ಅಂದರೆ ಸಕ್ಕರೆಯಲ್ಲಿ ಏನೂ ಇರಲಿಲ್ಲ, ಮಿಠಾಯಿಯಲ್ಲೂ ಇರಲಿಲ್ಲ. ಅದನ್ನು ಬಾಗಿಲಿಗೆ ಬರೆದು ಅಂಟಿಸುತ್ತೇನೆಂದು ಡಾಕ್ಟರು ತಾವಾಗಿಯೇ ಒಪ್ಪಿದರು. ಮಿಠಾಯಿಯವರು ಗೋಡೆಗೆ ಒರಗಿ ದೊಡ್ಡದಾಗಿ ಉಸಿರು ಬಿಟ್ಟರು. ಸಾಹುಕಾರರು ಮಾತ್ರ ಬೆಂಚಿನಿಂದ ನಿಧಾನವಾಗಿ ಎದ್ದು, ಅಂಗಿ ಎಳೆದು ಸರಿಮಾಡಿಕೊಂಡು, ಮೊದಲಿನ ಎತ್ತರಕ್ಕೆ ಬಂದರು.

ಸಾಹುಕಾರರು: ಹಾಗಾದ್ರೆ ನಾನು ಆಗ ಹೇಳಿದ ಮಾತು ನನಗೆ ವಾಪಸ್ ಕೊಡಿ.

ಡಾಕ್ಟರು: ಆಗಲ್ಲ ಸಾಹುಕಾರ್ರೇ. ಇಲ್ಲಿ ಒಂದು ಸಲ ಬಾಯಿಂದ ಕಿತ್ತದ್ದನ್ನ ತಿರುಗಿ ಒಳಗೆ ಕೂರಿಸೋದಿಲ್ಲ.